ಸತ್ಯೆಯರು ಎಷ್ಟು ಮಂದಿ?

ಗೋಕಾಕದ ಸುತ್ತಿನ ಹಳ್ಳಿಗಳಲ್ಲಿ ಮನೆಗೆ ಬಂದ ಸೊಸೆಯನ್ನು ಹೆಸರು ಹಿಡಿದು ಕರೆಯುವುದಕ್ಕಿಂತ ತವರೂರು ಹಿಡಿದು ಕರೆಯುವ ವಾಡಿಕೆ ಹೆಚ್ಚು. ನಮ್ಮ ಮನೆಯಲ್ಲಿ ಅದು ವಾಡಿಕೆ ಮಾತ್ರವಲ್ಲ, ಅನಿವಾರ್ಯವೂ ಆಗಿತ್ತು. ನನ್ನ ಅಜ್ಜಿಯ ಹೆಸರು ಸತ್ಯವ್ವ. ಆಕೆಯ ಹಿರಿಯ ನೆಗೆಣ್ಣಿಯ ಹೆಸರೂ ಸತ್ಯವ್ವ. ಅಂಗಳದಲ್ಲಿ ನಿಂತು ಯಾರಾದರೂ ‘ಸತ್ಯವ್ವಾ’ ಎಂದು ಕೂಗಿದರೆ ಒಳಗಿನಿಂದ ‘ಯಾರ್‍ನ ಕರದೀರಿ, ಹುಕ್ಕೇರ್‍ಯಾಕೀನೋ ಮೂಡಲಗ್ಯಾಕೀನೋ?’ ಎಂಬ ಮರುಪ್ರಶ್ನೆ ಬರುತ್ತಿತ್ತು. ಹುಕ್ಕೇರಿಯಾಕೆ ಹಿರಿಯಳು, ಮೂಡಲಗಿಯಾಕೆ ಕಿರಿಯಳು, ಎಂದರೆ ನನ್ನ ಅಜ್ಜಿ. ಒಬ್ಬಳದು ಮೌನ, ಇನ್ನೊಬ್ಬಳದು ಬಾಯಿ. ಒಬ್ಬಳು ರೊಟ್ಟಿ ಬಡಿದರೆ ಓಣಿಗೆಲ್ಲ ಕೇಳಿಸುತ್ತಿತ್ತು. ಇನ್ನೊಬ್ಬಳು ಮನೆಯಲ್ಲಿದ್ದಾಳೆಂಬುದೇ ಗೊತ್ತಾಗುತ್ತಿರಲಿಲ್ಲ. ಮನೆಯವರಿಗೆ ಈ ಇಬ್ಬರ ವಿಷಯದಲ್ಲಿ ಎಂದೂ ಗೊಂದಲವಾದದ್ದಿಲ್ಲ.

ಗೊಂದಲವಾದದ್ದು ಕಾಗದದಲ್ಲಿ. ಅಣ್ಣತಮ್ಮಂದಿರಿಬ್ಬರೂ ತೀರಿಕೊಂಡ ಮೇಲೆ ಹೊಲದ ದಾಖಲೆಯಲ್ಲಿ ಈ ಇಬ್ಬರು ವಿಧವೆಯರ ಹೆಸರು ಏರಬೇಕಾಗಿತ್ತು. ಒಂದೇ ಹೆಸರು, ಒಂದೇ ಅಡ್ಡಹೆಸರು, ಒಂದೇ ಊರು. ಎರಡನೆಯದು ಕೈತಪ್ಪಿ ಮರಳಿ ಬರೆದದ್ದೆಂದು ಬಗೆದು ಯಾರೋ ಒಂದನ್ನು ಹೊಡೆದುಹಾಕಿದರು. ಒಂದು ಗೀಟು ಸಾಕಾಯಿತು. ಹುಕ್ಕೇರಿಯಾಕೆ ತನ್ನ ಪಾಲಿನ ಹೊಲಕ್ಕಾಗಿ ವರುಷಗಟ್ಟಲೆ ಅಲೆದಳು. ಮೇಜಿನ ಮುಂದೆ ನಿಂತು ಆಕೆ ಆಡಿದ ಮಾತನ್ನು ಅಜ್ಜಿ ಕೊನೆಯವರೆಗೂ ನೆನೆಯುತ್ತಿದ್ದಳು: ‘ನಾ ಅಕಿ ಅಲ್ಲರಿ ಸಾಹೇಬರ, ನಾ ಬ್ಯಾರೆ.’

ಈ ಮಾತು ಈಚೆಗೆ ಮತ್ತೆ ನೆನಪಿಗೆ ಬಂದದ್ದು ತರಗತಿಯಲ್ಲಿ. ವಿದ್ಯಾರ್ಥಿನಿಯೊಬ್ಬಳು ಎದ್ದು ನಿಂತು, ‘ಪಾರಿಜಾತದ ಸತ್ಯಭಾಮೆ, ವ್ಯಾಸರ ತಾಯಿ ಸತ್ಯವತಿ, ಎಲ್ಲಮ್ಮನ ಅತ್ತೆ ಸತ್ಯವತಿ, ಇವರೆಲ್ಲ ಒಬ್ಬಳೇ ಏನು ಸರ್?’ ಎಂದು ಕೇಳಿದಳು. ತರಗತಿ ನಕ್ಕಿತು. ನನಗೆ ನಗು ಬರಲಿಲ್ಲ. ಬೇರೆಯವರೆಂದು ಒಂದೇ ಮಾತಿನಲ್ಲಿ ಉತ್ತರಿಸಬಹುದಾಗಿತ್ತು. ಆದರೆ ಬೇರೆ ಎಂಬುದು ಯಾವುದರಿಂದ? ಆ ಪ್ರಶ್ನೆಗೆ ಗಂಟೆ ಬಾರಿಸುವುದರೊಳಗೆ ಉತ್ತರ ಹೇಳಿ ಮುಗಿಸಲು ಆಗಲಿಲ್ಲ.

ನಮ್ಮ ಸೀಮೆಯವರಿಗೆ ಎಲ್ಲರಿಗಿಂತ ಪರಿಚಿತಳಾದ ಸತ್ಯೆ ಸತ್ಯಭಾಮೆ. ಹಿಂದೆ ಗೋಕಾಕ ತಾಲ್ಲೂಕಿನಲ್ಲಿದ್ದು ಈಗ ಮೂಡಲಗಿ ತಾಲ್ಲೂಕಿಗೆ ಸೇರಿರುವ ಕುಲಗೋಡ ಗ್ರಾಮದ ತಮ್ಮಣ್ಣನೇ ಅಲ್ಲವೆ ‘ಶ್ರೀಕೃಷ್ಣ ಪಾರಿಜಾತ’ವನ್ನು ಆಟವಾಗಿ ಬೆಳೆಸಿದವನು? ಅಪರಾಳ ತಮ್ಮಣ್ಣನ ಕೃತಿಯನ್ನು ಈ ಕುಲಗೋಡದ ತಮ್ಮಣ್ಣ ರಂಗಕ್ಕೆ ಒಗ್ಗಿಸಿದನೆಂಬುದನ್ನು ನಮ್ಮ ಜಾನಪದ ವಿದ್ವಾಂಸರು ಹೇಳುತ್ತ ಬಂದಿದ್ದಾರೆ. ಇಲ್ಲಿಯೂ ಹೆಸರು ಒಂದು, ಕವಿಗಳು ಇಬ್ಬರು. ಊರಿನ ಹೆಸರನ್ನು ಮುಂದಿಟ್ಟು ಜನ ಅವರನ್ನು ಬೇರೆಬೇರೆಯಾಗಿ ಉಳಿಸಿಕೊಂಡರು. ಅದೇ ಪಾರಿಜಾತದಲ್ಲಿ ಹೆಸರಾದ ಕಲಾವಿದೆಯನ್ನು ನಾವು ಬರಿ ನಿಂಗಮ್ಮ ಎನ್ನುವುದಿಲ್ಲ, ಕೌಜಲಗಿ ನಿಂಗಮ್ಮ ಎನ್ನುತ್ತೇವೆ. ಈ ನಾಡಿನಲ್ಲಿ ನಿಂಗಮ್ಮಂದಿರಿಗೆ ಕೊರತೆಯೇ?

ನಾರದ ತಂದ ಹೂವನ್ನು ಕೃಷ್ಣ ರುಕ್ಮಿಣಿಗೆ ಕೊಟ್ಟ. ಅದನ್ನು ಕೇಳಿ ಭಾಮೆ ಮುನಿದಳು. ಆಟದ ಬೀಜ ಇಷ್ಟೇ. ಆದರೆ ಬೆಳತನಕ ಜನ ಕುಳಿತು ನೋಡುವುದು ಹೂವನ್ನಲ್ಲ, ಆ ಮುನಿಸನ್ನು. ಸತ್ಯಭಾಮೆಯ ಸತ್ಯ ಯಾವುದೆಂದರೆ, ತನ್ನ ಹೊಟ್ಟೆಕಿಚ್ಚನ್ನು ಆಕೆ ಅಡಗಿಸುವುದಿಲ್ಲ. ಮಹಾಭಾರತದ ವನಪರ್ವದಲ್ಲಿಯೂ ಈಕೆಯೇ ಅಲ್ಲವೆ ದ್ರೌಪದಿಯನ್ನು ಏಕಾಂತದಲ್ಲಿ ಕಂಡು, ಐವರು ಗಂಡಂದಿರನ್ನು ವಶದಲ್ಲಿಟ್ಟುಕೊಂಡಿರುವೆಯಲ್ಲ, ಮಂತ್ರವೋ ಮದ್ದೋ ಎಂದು ಕೇಳಿದವಳು? ದ್ರೌಪದಿ ಆಕೆಗೆ ಬುದ್ಧಿ ಹೇಳಿದಳು. ಬುದ್ಧಿ ಹೇಳಿಸಿಕೊಳ್ಳುವ ಅಪಾಯವಿದ್ದರೂ ಮನಸ್ಸಿನಲ್ಲಿದ್ದುದನ್ನು ಕೇಳಿಬಿಡುವ ನಿಷ್ಕಪಟತೆ ಈ ಸತ್ಯೆಯದು.

ಆದರೆ ಕೃಷ್ಣನ ಎಂಟು ಮಡದಿಯರಲ್ಲಿ ಮತ್ತೊಬ್ಬ ಸತ್ಯೆಯಿದ್ದಾಳೆ ಎಂಬುದನ್ನು ನಮ್ಮಲ್ಲಿ ಎಷ್ಟು ಮಂದಿ ನೆನೆಯುತ್ತೇವೆ? ಆಕೆ ಕೋಸಲದ ರಾಜ ನಗ್ನಜಿತನ ಮಗಳು. ಏಳು ಗೂಳಿಗಳನ್ನು ಪಳಗಿಸಿದವನಿಗೆ ಮಾತ್ರ ಮಗಳು ಎಂಬ ಪಣವನ್ನು ಕೃಷ್ಣ ಗೆದ್ದ ಕಥೆಯನ್ನು ಭಾಗವತದ ದಶಮಸ್ಕಂಧ ಹೇಳುತ್ತದೆ. ಈಕೆಯ ಹೆಸರು ‘ಸತ್ಯಾ’ ಎಂದಷ್ಟೇ. ಇತ್ತ ಸತ್ಯಭಾಮೆಯನ್ನೂ ಸಂಸ್ಕೃತ ಕವಿಗಳು ಮೊಟಕಾಗಿ ‘ಸತ್ಯಾ’ ಎಂದೇ ಕರೆದರು. ಫಲವೇನು? ಬಾಯಿದ್ದ ಸತ್ಯೆ ಉಳಿದಳು, ಬಾಯಿಲ್ಲದ ಸತ್ಯೆ ಆಕೆಯ ನೆರಳಿನಲ್ಲಿ ಮರೆಯಾದಳು. ತಂದೆಯ ಹೆಸರಿನಿಂದ ಬಂದ ‘ನಾಗ್ನಜಿತಿ’ ಎಂಬ ಹೆಸರೊಂದೇ ಆಕೆಗೆ ಆಸರೆಯಾಯಿತು.

ಹೆಸರನ್ನು ಮೊಟಕುಮಾಡುವ ಈ ಪದ್ಧತಿಯನ್ನು ವ್ಯಾಕರಣಕಾರರೂ ಗಮನಿಸಿದ್ದಾರೆ. ದೇವದತ್ತನನ್ನು ದತ್ತ ಎನ್ನಬಹುದು, ಸತ್ಯಭಾಮೆಯನ್ನು ಭಾಮೆ ಎನ್ನಬಹುದು ಎಂಬುದು ಆ ಶಾಸ್ತ್ರದಲ್ಲಿ ಪ್ರಸಿದ್ಧವಾದ ಉದಾಹರಣೆ. ಕನ್ನಡದ ಕಿವಿಗೆ ಇದರಲ್ಲಿ ಒಂದು ಸ್ವಾರಸ್ಯವಿದೆ. ನಮ್ಮ ಕಾವ್ಯಭಾಷೆಯಲ್ಲಿ ಭಾಮೆ ಎಂದರೆ ಹೆಣ್ಣು, ಯಾವ ಹೆಣ್ಣಾದರೂ ಸರಿ. ಹೆಸರಿನ ಹಿಂದಿನ ಅರ್ಧ ಉಳಿದರೆ ಆಕೆ ಹೆಣ್ಣುಜಾತಿಯಲ್ಲಿ ಕರಗಿಹೋಗುತ್ತಾಳೆ. ಮುಂದಿನ ಅರ್ಧ ಉಳಿದರೆ ಸವತಿಯೊಡನೆ ಬೆರೆತುಹೋಗುತ್ತಾಳೆ. ಶಾಸ್ತ್ರಕ್ಕೆ ಇದು ಲೋಪ. ಹೆಸರು ಹೊತ್ತವಳಿಗೆ ನಷ್ಟ.

ಇನ್ನು ಸತ್ಯವತಿಯರು. ಒಬ್ಬಳನ್ನು ಎಲ್ಲರೂ ಬಲ್ಲರು. ದಾಶರಾಜನ ಸಾಕುಮಗಳು, ಮತ್ಸ್ಯಗಂಧಿಯಾಗಿದ್ದವಳು, ಪರಾಶರನ ವರದಿಂದ ಯೋಜನಗಂಧಿಯಾದವಳು, ಶಂತನುವಿನ ಕೈಹಿಡಿದು ಹಸ್ತಿನಾವತಿಯ ರಾಣಿಯಾದವಳು. ಈಕೆಯ ಸತ್ಯ ತಡವಾಗಿ ಹೊರಬಂದ ಸತ್ಯ. ಇಬ್ಬರು ಮಕ್ಕಳೂ ತೀರಿಹೋಗಿ ವಂಶ ನಿಲ್ಲುವ ಹೊತ್ತಿನಲ್ಲಿ, ಕನ್ನೆತನದಲ್ಲಿ ತಾನು ಹೆತ್ತ ಮಗನೊಬ್ಬನಿದ್ದಾನೆಂದು ಭೀಷ್ಮನೆದುರು ಬಾಯಿಬಿಟ್ಟು ಹೇಳುತ್ತಾಳೆ. ಆ ಮಗನೇ ವ್ಯಾಸ. ಕುಂತಿಯ ಮೌನದ ಪಕ್ಕದಲ್ಲಿ ಈ ಮಾತನ್ನಿಟ್ಟು ನೋಡಬೇಕು. ಕುಂತಿಯ ಸತ್ಯ ಲೋಕಕ್ಕೆ ತಿಳಿದದ್ದು ಕರ್ಣ ಮಡಿದ ಮೇಲೆ. ಸತ್ಯವತಿಯ ಸತ್ಯ ಕಾಲ ಮೀರುವ ಮುನ್ನ ಹೊರಬಿದ್ದುದರಿಂದ ಒಂದು ವಂಶ ಬದುಕಿತು.

ಇನ್ನೊಬ್ಬ ಸತ್ಯವತಿ ನಮ್ಮ ನೆಲಕ್ಕೆ ಇನ್ನೂ ಹತ್ತಿರದವಳು. ಆದರೂ ಆಕೆಯನ್ನು ಬಲ್ಲವರು ಕಡಮೆ. ಗಾಧಿರಾಜನ ಮಗಳು, ವಿಶ್ವಾಮಿತ್ರನ ಅಕ್ಕ, ಋಚೀಕ ಮುನಿಯ ಮಡದಿ, ಜಮದಗ್ನಿಯ ತಾಯಿ. ಅಂದಮೇಲೆ ಸವದತ್ತಿಯ ಗುಡ್ಡದ ಮೇಲೆ ಎಲ್ಲಮ್ಮನಾಗಿ ಪೂಜೆಗೊಳ್ಳುವ ರೇಣುಕೆಗೆ ಈಕೆ ಅತ್ತೆ. ಋಚೀಕ ತನ್ನ ಮಡದಿಗೊಂದು, ಆಕೆಯ ತಾಯಿಗೊಂದು ಎಂದು ಎರಡು ಚರುಗಳನ್ನು ಮಾಡಿಟ್ಟ. ಬ್ರಹ್ಮತೇಜದ ಚರು ಮಗಳಿಗೆ, ಕ್ಷಾತ್ರತೇಜದ್ದು ತಾಯಿಗೆ. ಅವೆರಡೂ ಅದಲುಬದಲಾದವು. ತಪ್ಪು ತಿಳಿದಾಗ ಸತ್ಯವತಿ ಗಂಡನನ್ನು ಬೇಡಿಕೊಂಡಳು: ಆ ಉಗ್ರತೆ ನನ್ನ ಮಗನಿಗೆ ಬೇಡ, ಬರಲೇಬೇಕಾದರೆ ಮೊಮ್ಮಗನಿಗೆ ಬರಲಿ. ಮುನಿ ಒಪ್ಪಿದ. ಮಗ ಜಮದಗ್ನಿಯಾದ; ಮೊಮ್ಮಗ ಪರಶುರಾಮನಾದ.

ಯಾವ ತಾಯಿಯಾದರೂ ಬೇಡುವಂಥದೇ ಈ ಬೇಡಿಕೆ. ಆದರೆ ಅದರ ಮುಂದಿನ ಕಥೆಯನ್ನು ಗೋಕಾಕ, ಹುಕ್ಕೇರಿಗಳ ಹೆಣ್ಣುಮಕ್ಕಳಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಹುಣ್ಣಿಮೆಗೆ ‘ಉಧೋ’ ಎನ್ನುತ್ತ ಗುಡ್ಡಕ್ಕೆ ಹೋಗುವ ಪ್ರತಿಯೊಬ್ಬಳೂ ಅದನ್ನು ಬಲ್ಲಳು. ತಂದೆಯ ಅಪ್ಪಣೆಯಂತೆ ಪರಶುರಾಮ ಎತ್ತಿದ ಕೊಡಲಿ ಹೆತ್ತ ತಾಯಿಯ ಕೊರಳಿನ ಮೇಲೆ ಬಿದ್ದಿತು. ಅತ್ತೆ ಮಗನಿಂದ ಸರಿಸಿದ ಉಗ್ರತೆ ಒಂದು ತಲೆಮಾರು ದಾಟಿ ಸೊಸೆಯ ಪಾಲಿಗೆ ಬಂದಿತು. ಎರಡೂ ಕಥೆಗಳನ್ನು ಒಂದರ ಪಕ್ಕದಲ್ಲೊಂದು ಇಟ್ಟಾಗ ಕಾಣುವ ದಾರುಣ ಸಂಬಂಧವಿದು. ಈ ಸತ್ಯವತಿಯನ್ನು ವ್ಯಾಸರ ತಾಯಿಯೊಡನೆ ಬೆರೆಸಿಬಿಟ್ಟರೆ ಕಳೆದುಹೋಗುವುದು ಒಂದು ಹೆಸರಲ್ಲ. ಎಲ್ಲಮ್ಮನ ಕಥೆಯ ಬೇರೇ ಕಳೆದುಹೋಗುತ್ತದೆ. ಕೊನೆಗೆ ಈಕೆ ಕೌಶಿಕೀ ನದಿಯಾಗಿ ಹರಿದಳೆಂದು ರಾಮಾಯಣದ ಬಾಲಕಾಂಡ ಹೇಳುತ್ತದೆ.

ಸವದತ್ತಿಯ ಜೋಗುಳಬಾವಿಯಲ್ಲಿ ಸತ್ಯಮ್ಮನ ಗುಡಿಯೊಂದಿದೆ. ಎಲ್ಲಮ್ಮನ ಯಾತ್ರಿಕರು ಆಕೆಗೂ ಕೈಮುಗಿಯುತ್ತಾರೆ. ಹೆಸರು ಕೂಡಿತೆಂದು ಈ ಸತ್ಯಮ್ಮನೇ ಆ ಸತ್ಯವತಿಯೆಂದು ಲೇಖನಿ ಎತ್ತುವ ಆಸೆ ನಮ್ಮಂಥವರಿಗೆ ಸುಲಭವಾಗಿ ಹುಟ್ಟುತ್ತದೆ. ಆ ಆಸೆಯನ್ನು ತಡೆದುಕೊಳ್ಳುವುದೇ ಒಳ್ಳೆಯದು. ಹೆಸರಿನ ಸಾಮ್ಯವೊಂದೇ ಸಾಕ್ಷಿಯಾಗುವುದಾದರೆ ಹುಕ್ಕೇರಿಯಾಕೆಯ ಹೊಲವೂ ನ್ಯಾಯವಾಗಿಯೇ ಹೋಯಿತೆನ್ನಬೇಕಾದೀತು.

ಇಂಥ ತೊಡಕು ನಮ್ಮದೊಂದೇ ಅಲ್ಲ. ಗ್ರೀಕರ ಪುರಾಣದಲ್ಲಿ ಕ್ರೆಯೂಸಾ ಎಂಬ ಹೆಸರಿನವರು ಹಲವರಿದ್ದಾರೆ. ಅಥೆನ್ಸಿನ ರಾಜಪುತ್ರಿಯೊಬ್ಬಳು; ಆಕೆ ಅಪೋಲೋ ದೇವನಿಂದ ಕನ್ನೆತನದಲ್ಲಿಯೇ ಮಗನನ್ನು ಹೆತ್ತು ಗವಿಯಲ್ಲಿ ಬಿಟ್ಟುಬಂದು, ಎಷ್ಟೋ ವರ್ಷಗಳ ಮೇಲೆ ಅವನನ್ನು ಗುರುತಿಸುತ್ತಾಳೆ. ಯೂರಿಪಿಡೀಸನ ‘ಅಯಾನ್’ ನಾಟಕದ ನಾಯಿಕೆ ಈಕೆಯೇ. ಟ್ರಾಯ್ ನಗರದ ಕ್ರೆಯೂಸಾ ಇನ್ನೊಬ್ಬಳು. ಉರಿಯುವ ಪಟ್ಟಣದಿಂದ ಓಡುವಾಗ ಗಂಡ ಈನಿಯಸನ ಬೆನ್ನ ಹಿಂದೆ ತಪ್ಪಿಹೋಗಿ, ಛಾಯೆಯಾಗಿ ಬಂದು ಅವನನ್ನು ಸಂತೈಸುತ್ತಾಳೆ. ಮೂರನೆಯವಳು ಕಾರಿಂಥದ ರಾಜಪುತ್ರಿ, ಮೀಡಿಯಾ ಕಳುಹಿಸಿದ ವಿಷದ ಉಡುಗೊರೆಯಿಂದ ಸುಟ್ಟುಹೋದವಳು. ಯೂರಿಪಿಡೀಸ್ ತನ್ನ ‘ಮೀಡಿಯಾ’ ನಾಟಕದಲ್ಲಿ ಆಕೆಗೆ ಹೆಸರನ್ನೇ ಇಡಲಿಲ್ಲ. ಕ್ರೆಯೂಸಾ ಎಂದೂ ಗ್ಲಾಕೆ ಎಂದೂ ಬೇರೆಯವರು ಕರೆದರು. ಕ್ರೆಯೂಸಾ ಎಂದರೆ ಆಳುವವಳು, ಅರಸಿ ಎಂದಷ್ಟೇ ಅರ್ಥ. ಹೆಸರು ತಿಳಿಯದ ರಾಜಕುಮಾರಿಗೆ ಅರಸಿ ಎಂಬ ಹೆಸರು ಅಂಟಿಕೊಂಡರೆ ಆಶ್ಚರ್ಯವೇನು?

ನಮ್ಮ ಕೈಕೇಯಿ, ಗಾಂಧಾರಿ, ಮಾದ್ರಿ ಎಂಬುವೂ ಹೆಸರುಗಳಲ್ಲ. ಕೇಕಯದವಳು, ಗಾಂಧಾರದವಳು, ಮದ್ರದವಳು ಎಂಬ ಗುರುತುಗಳು. ಪಾಂಡುವಿನ ಮಡದಿಯೂ ಮಾದ್ರಿ, ಕೃಷ್ಣನ ಮಡದಿಯಾದ ಲಕ್ಷ್ಮಣೆಯೂ ಮಾದ್ರಿ. ಹುಕ್ಕೇರ್‍ಯಾಕಿ, ಮೂಡಲಗ್ಯಾಕಿ ಎಂಬ ನಮ್ಮ ಮನೆಯ ಮಾತಿಗೂ ವ್ಯಾಸರ ಮಾತಿಗೂ ಇಲ್ಲಿ ಅಂತರವಿಲ್ಲ. ಒಂದು ಭೇದವನ್ನು ಮಾತ್ರ ಮರೆಯಬಾರದು. ಮನೆಯವರು ಸತ್ಯವ್ವ ಎಂಬ ಹೆಸರನ್ನು ಉಳಿಸಿಕೊಂಡು ಊರನ್ನು ಸೇರಿಸಿದರು. ಪುರಾಣ ಊರನ್ನು ಉಳಿಸಿಕೊಂಡು ಹೆಸರನ್ನು ನುಂಗಿತು. ಕಿತ್ತೂರ ಚೆನ್ನಮ್ಮ, ಕೆಳದಿ ಚೆನ್ನಮ್ಮ ಎಂದಾಗ ಊರೂ ಇದೆ, ಹೆಸರೂ ಇದೆ. ಶಿವಾಜಿಯ ಮಗ ರಾಜಾರಾಮನಿಗೆ ಆಶ್ರಯವಿತ್ತ ಹದಿನೇಳನೆಯ ಶತಮಾನದ ರಾಣಿಯನ್ನೂ, 1824ರಲ್ಲಿ ಥ್ಯಾಕರೆಯ ಸೇನೆಯನ್ನು ಎದುರಿಸಿದ ರಾಣಿಯನ್ನೂ ಮಕ್ಕಳು ಸಹ ಬೆರೆಸುವುದಿಲ್ಲ.

ಹೆಸರಿನ ಈ ಸಮಸ್ಯೆಗೆ ಇನ್ನೂ ಸುಂದರವಾದ ಪರಿಹಾರ ನಮ್ಮ ವಚನಸಾಹಿತ್ಯದಲ್ಲಿದೆ. ಅಲ್ಲಿ ಮೂವರು ಕಾಳವ್ವೆಯರಿದ್ದಾರೆ. ಉರಿಲಿಂಗಪೆದ್ದಿಯ ಪುಣ್ಯಸ್ತ್ರೀ ಒಬ್ಬಳು, ಬಾಚಿಕಾಯಕದ ಬಸವಯ್ಯನ ಪುಣ್ಯಸ್ತ್ರೀ ಒಬ್ಬಳು, ಸಿದ್ಧಬುದ್ಧಯ್ಯನ ಪುಣ್ಯಸ್ತ್ರೀ ಮತ್ತೊಬ್ಬಳು. ಓಲೆಗರಿಯ ತಲೆಬರಹ ಅವರನ್ನು ಗಂಡಂದಿರ ಹೆಸರಿನಿಂದ ಬೇರ್ಪಡಿಸುತ್ತದೆ. ಆದರೆ ವಚನದ ಒಳಗೆ ಹೋದರೆ ಅವರವರ ಅಂಕಿತವೇ ಸಾಕ್ಷಿ ನುಡಿಯುತ್ತದೆ. ಮೊದಲನೆಯವಳದು ‘ಉರಿಲಿಂಗಪೆದ್ದಿಗಳರಸ’ ಎಂದು ಗಂಡನ ಹೆಸರನ್ನೇ ಒಳಗೊಂಡಿರುವುದು ನಿಜ. ಉಳಿದಿಬ್ಬರದು ‘ಕರ್ಮಹರ ಕಾಳೇಶ್ವರ’, ‘ಭೀಮೇಶ್ವರ’ ಎಂಬ ಸ್ವಂತ ಗುರುತು. ಉಡುತಡಿಯ ಮಹಾದೇವಿ ‘ಚೆನ್ನಮಲ್ಲಿಕಾರ್ಜುನ’ನನ್ನು ಕರೆದರೆ, ಮೋಳಿಗೆಯ ಮಹಾದೇವಿ ‘ಇಮ್ಮಡಿ ನಿಃಕಳಂಕ ಮಲ್ಲಿಕಾರ್ಜುನ’ನನ್ನು ಕರೆಯುತ್ತಾಳೆ. ಒಬ್ಬಳು ಅರಮನೆ ಬಿಟ್ಟು ಗಂಡನಿಲ್ಲದೆ ನಡೆದವಳು. ಇನ್ನೊಬ್ಬಳು ಸೌದೆ ಮಾರುವ ಗಂಡನೊಡನೆ ಬದುಕಿ ಅವನಿಗೇ ತಿಳಿವು ಹೇಳಿದವಳು. ಯಾರ ದೇವರು ಯಾವ ಹೆಸರಿನವನೆಂದು ಕೇಳಿದರೆ ಸಾಕು, ಕರೆದವಳು ಯಾರೆಂದು ತಿಳಿಯುತ್ತದೆ.

ಆ ಶರಣೆಯರ ನಡುವೆಯೂ ಒಬ್ಬ ಸತ್ಯೆಯಿದ್ದಾಳೆ: ಸತ್ಯಕ್ಕ. ಆಕೆಯ ಅಂಕಿತ ‘ಶಂಭುಜಕ್ಕೇಶ್ವರ’. ಹೆಸರಿನ ಹಿಂದೆ ಗಂಡನಿಲ್ಲ, ತಂದೆಯಿಲ್ಲ, ಹೆಸರಾಂತ ಮಗನಿಲ್ಲ. ದಾರಿಯಲ್ಲಿ ಬಿದ್ದ ಹೊನ್ನನ್ನೂ ಕೈಯಿಂದ ಮುಟ್ಟೆನೆಂದು ಪಣತೊಟ್ಟ ಆಕೆಯ ಸತ್ಯ ಅರಮನೆಯದಲ್ಲ, ದಿನದಿನದ ಬದುಕಿನದು. ಮುನಿಸಿನ ಸತ್ಯ, ತಡವಾಗಿ ನುಡಿದ ಸತ್ಯ, ತಾಯ್ತನದ ಭಯದ ಸತ್ಯ, ಕೈಯ ಸತ್ಯ: ಹೆಸರು ಒಂದಾದರೂ ಪ್ರತಿಯೊಬ್ಬಳೂ ಅದನ್ನು ಹೊತ್ತ ಬಗೆ ಬೇರೆ. ಆ ವಿದ್ಯಾರ್ಥಿನಿಗೆ ನಾನು ಕೊಡಬೇಕಾಗಿದ್ದ ಉತ್ತರ ಇಷ್ಟು.

ಹುಕ್ಕೇರಿಯಾಕೆಗೆ ಕೊನೆಗೆ ಹೊಲ ದಕ್ಕಿತು. ಅಜ್ಜಿ ತಾನೇ ಜೊತೆಗೆ ಹೋಗಿ, ನೆಗೆಣ್ಣಿಯ ಪಕ್ಕದಲ್ಲಿ ನಿಂತು, ‘ನೋಡ್ರಿ, ನಾವು ಇಬ್ಬರಿದ್ದೀವಿ’ ಎಂದಳಂತೆ. ಬಾಯಿದ್ದವಳು ಬಾಯಿಲ್ಲದವಳ ಪರವಾಗಿ ಆಡಿದ ಮಾತು ಅದು. ಹಳೆಯ ಕಾವ್ಯಗಳನ್ನು ಓದುವಾಗ, ಒಂದೇ ಹೆಸರು ಎರಡು ಕಡೆ ಕಂಡಾಗಲೆಲ್ಲ, ಗೀಟು ಹೊಡೆಯುವ ಮುನ್ನ ನನಗೆ ಆ ಮಾತು ಕೇಳಿಸುತ್ತದೆ.