ಇಂಧನ ಕೊಳವೆಗಳ ತಿರುಪು ಜೋಡಣೆ

ಇಂಧನ ಕೊಳವೆಗಳ ತಿರುಪು ಜೋಡಣೆಯು ಪೆಟ್ರೋಲ್, ಡೀಸೆಲ್ ಮೊದಲಾದ ಇಂಧನಗಳನ್ನು ಟ್ಯಾಂಕಿನಿಂದ ಎಂಜಿನ್ನಿಗೆ ಸಾಗಿಸುವ ಕೊಳವೆಗಳನ್ನು ತಿರುಪಿನ ಮೂಲಕ ಸೋರದಂತೆ ಕೂಡಿಸುವ ವಿಧಾನವಾಗಿದೆ. ಪೆಟ್ರೋಲಿನ ಆವಿಯು ಗಾಳಿಗಿಂತ ಭಾರವಾದುದರಿಂದ ನೆಲಮಟ್ಟದಲ್ಲಿ ಹರಡಿ, ದೂರದ ಕಿಡಿಯಿಂದಲೂ ಹೊತ್ತಿಕೊಳ್ಳಬಲ್ಲದು. ಆದ್ದರಿಂದ ಇಲ್ಲಿ ಅಲ್ಪ ಸೋರಿಕೆಯೂ ಅಪಾಯಕಾರಿ.

ಬಗೆಗಳು

ಸೀಲೆಂಟ್ ಬೇಕೇ ಬೇಡವೇ ಎಂಬುದು ಜೋಡಣೆಯ ಬಗೆಯನ್ನು ಅವಲಂಬಿಸಿದೆ. ಓರೆ ತಿರುಪು ತುದಿಯ ಕಡೆಗೆ ಕಿರಿದಾಗುತ್ತದೆ. ಅಮೆರಿಕದ ಎನ್‌ಪಿಟಿ ಹಾಗೂ ಬ್ರಿಟಿಷ್ ಮಾದರಿಯ ಬಿಎಸ್‌ಪಿಟಿ ಎರಡರಲ್ಲೂ ಓರೆಯ ಪ್ರಮಾಣ 16ಕ್ಕೆ 1. ಆದರೆ ಹಲ್ಲಿನ ಕೋನ ಮೊದಲನೆಯದರಲ್ಲಿ 60 ಡಿಗ್ರಿ, ಎರಡನೆಯದರಲ್ಲಿ 55 ಡಿಗ್ರಿ. ಆದಕಾರಣ ಇವು ಪರಸ್ಪರ ಹೊಂದುವುದಿಲ್ಲ. ಮೊದಲ ಒಂದೆರಡು ಸುತ್ತು ಸಲೀಸಾಗಿ ಹೋಗಿಬಿಡಬಹುದಾದ್ದರಿಂದ ಮೋಸಹೋಗುವುದು ಸುಲಭ. ಸರಿಯಾದ ಜೋಡಿಯನ್ನು ಬಿಗಿದಾಗಲೂ ಹಲ್ಲುಗಳ ತುದಿ ಮತ್ತು ತಳಗಳ ನಡುವೆ ಸುರುಳಿಯಾಕಾರದ ಸೂಕ್ಷ್ಮ ದಾರಿ ಉಳಿಯುತ್ತದೆ. ಸೀಲೆಂಟ್ ತುಂಬುವುದು ಅದನ್ನೇ.

ಫ್ಲೇರ್ ಜೋಡಣೆಯಲ್ಲಿ ಲೋಹದ ಶಂಕುವಿನ ಮೇಲೆ ಲೋಹ ಒತ್ತಿ ಕೂರುತ್ತದೆ; ಅಲ್ಲಿ ತಿರುಪು ಕೇವಲ ಒತ್ತಡ ಕೊಡುವ ಸಾಧನ. ಟ್ರಾಕ್ಟರ್ ಮತ್ತು ಡೀಸೆಲ್ ಪಂಪ್‌ಸೆಟ್‌ಗಳ ಬ್ಯಾಂಜೊ ಬೋಲ್ಟ್‌ನಲ್ಲಿ ಎರಡೂ ಬದಿಯ ತಾಮ್ರದ ವಾಷರುಗಳು ಸೋರಿಕೆಯನ್ನು ತಡೆಯುತ್ತವೆ. ಇವೆರಡಕ್ಕೂ ಸೀಲೆಂಟ್ ಬೇಡ.

ಸೀಲೆಂಟ್‌ಗಳು

ನಲ್ಲಿಗೆ ಸುತ್ತುವ ಟೆಫ್ಲಾನ್ ಟೇಪನ್ನು ಪೆಟ್ರೋಲ್ ಕರಗಿಸುವುದಿಲ್ಲ. ಆದರೂ ಅದರ ಚೂರುಗಳು ಹರಿದು ಕಾರ್ಬುರೇಟರಿನ ಜೆಟ್ ಅಥವಾ ಇಂಜೆಕ್ಟರ್‌ನಲ್ಲಿ ಸಿಕ್ಕಿಕೊಳ್ಳುತ್ತವೆ. ಸಾಮಾನ್ಯ ಸಿಲಿಕಾನ್ ಪೇಸ್ಟ್ ಪೆಟ್ರೋಲಿನಲ್ಲಿ ಉಬ್ಬಿ ಕಳಚಿಕೊಳ್ಳುತ್ತದೆ. ಲೋಹದ ತಿರುಪುಗಳಿಗೆ ಇಂಧನಕ್ಕೆಂದೇ ತಯಾರಾದ ಅನೇರೋಬಿಕ್ ಸೀಲೆಂಟ್ ಹೆಚ್ಚು ಸೂಕ್ತ. ಅದು ಗಾಳಿಯಿಲ್ಲದೆಡೆ ಲೋಹದ ಸಂಪರ್ಕದಲ್ಲಿ ಗಟ್ಟಿಯಾಗುತ್ತದೆ. ಕೆಲವು ಪ್ಲಾಸ್ಟಿಕ್‌ಗಳಿಗೆ ಅದರಿಂದ ಹಾನಿಯುಂಟು. ಶೇ. 20ರಷ್ಟು ಎಥನಾಲ್ ಬೆರೆತ ಪೆಟ್ರೋಲ್ 2023ರಿಂದ ಭಾರತದಲ್ಲಿ ಮಾರಾಟದಲ್ಲಿರುವುದರಿಂದ, ಎಥನಾಲ್‌ಗೂ ಒಗ್ಗುವುದೆಂದು ಡಬ್ಬಿಯ ಮೇಲೆ ನಮೂದಾಗಿರಬೇಕು.

ಬಳಸುವ ಕ್ರಮ

ಎಂಜಿನ್ ತಣಿದ ಮೇಲೆ ಬ್ಯಾಟರಿಯ ಸಂಪರ್ಕ ತಪ್ಪಿಸಿ, ಇಂಜೆಕ್ಷನ್ ವ್ಯವಸ್ಥೆಯಾದರೆ ಒತ್ತಡವನ್ನು ಇಳಿಸಿ, ಗಾಳಿಯಾಡುವ ಸ್ಥಳದಲ್ಲಿ ಕೆಲಸ ಆರಂಭಿಸಲಾಗುತ್ತದೆ. ಹಳೆಯ ಸೀಲೆಂಟನ್ನೂ ಎಣ್ಣೆಯನ್ನೂ ಪೂರ್ಣ ತೆಗೆದು, ಹೊರ ತಿರುಪಿಗೆ ಮಾತ್ರ, ತುದಿಯ ಒಂದೆರಡು ಹಲ್ಲು ಬಿಟ್ಟು ಹಚ್ಚಬೇಕು. ಅತಿಯಾಗಿ ಬಿಗಿದರೆ ಅಲ್ಯೂಮಿನಿಯಂ ಪಂಪಿನ ಮೈ ಸೀಳುತ್ತದೆ. ಬಿಗಿದ ಮೇಲೆ ಸರಿಹೊಂದಿಸಲು ಹಿಂದಕ್ಕೆ ತಿರುಗಿಸಿದರೆ ಮುಚ್ಚಿದ ದಾರಿ ಮತ್ತೆ ತೆರೆದುಕೊಳ್ಳುತ್ತದೆ. ಆಗ ಬಿಚ್ಚಿ, ಶುಚಿಮಾಡಿ ಹೊಸದಾಗಿ ಹಚ್ಚುವುದೇ ಸರಿ.

ಪರೀಕ್ಷೆ

ಸೀಲೆಂಟ್ ಗಟ್ಟಿಯಾದ ಬಳಿಕ ಇಂಧನ ಬಿಟ್ಟು, ಒಣ ಕಾಗದದಿಂದ ಜೋಡಣೆಯನ್ನು ಒರೆಸಿ ತೇವವನ್ನು ನೋಡಲಾಗುತ್ತದೆ. ಬೆಂಕಿಕಡ್ಡಿಯ ಬೆಳಕಿನಲ್ಲಿ ನೋಡುವುದು ಸರ್ವಥಾ ಸಲ್ಲದು. ಡೀಸೆಲ್ ಎಂಜಿನ್ನಿನ ಹೀರುವ ಬದಿಯಲ್ಲಿ ದೋಷವಿದ್ದರೆ ಹೊರಗೆ ಹನಿಯೂ ಕಾಣದಿರಬಹುದು. ಅಲ್ಲಿ ಇಂಧನ ಹೊರಬರುವ ಬದಲು ಗಾಳಿ ಒಳಸೇರಿ, ಎಂಜಿನ್ ತಡೆತಡೆದು ಓಡಿ ನಿಲ್ಲುತ್ತದೆ.