ಹಳೆಯ ಚಿತ್ರಸುರುಳಿಗಳ ಶೋಧಕರು

ಚಲಚ್ಚಿತ್ರವೆಂದೊಡನೆ ನಮ್ಮ ಮನಸ್ಸಿಗೆ ಬರುವವರು ನಟನಟಿಯರು, ನಿರ್ದೇಶಕರು, ಹೆಚ್ಚೆಂದರೆ ಛಾಯಾಗ್ರಾಹಕರು. ಆದರೆ ಹಿಂದೆಂದೋ ತೆಗೆದ ಚಿತ್ರದ ತುಣುಕನ್ನು ಹುಡುಕಿ ಕೊಡುವುದನ್ನೇ ವೃತ್ತಿಯಾಗಿ ಮಾಡಿಕೊಂಡವರೂ ಉಂಟು. ಡೆನ್ಮಾರ್ಕಿನಂಥ ಪುಟ್ಟ ದೇಶದಲ್ಲಿಯೂ ಇಂಥವರಿದ್ದಾರೆಂಬುದು ಇತಿಹಾಸದ ವಿದ್ಯಾರ್ಥಿಯಾದ ನನ್ನ ಕುತೂಹಲವನ್ನು ಕೆರಳಿಸಿತು. ಆ ವೃತ್ತಿಯ ಸ್ವರೂಪವನ್ನು ಇಲ್ಲಿ ಸಂಗ್ರಹವಾಗಿ ತಿಳಿಸುತ್ತೇನೆ.

ಅಲ್ಲಿನ ಚಲಚ್ಚಿತ್ರದ ಇತಿಹಾಸ ದೀರ್ಘವಾದುದು. ಪೀಟರ್ ಎಲ್ಫೆಲ್ಟ್ ಎಂಬ ಛಾಯಾಗ್ರಾಹಕನು 1897ರ ಸುಮಾರಿಗೆ ಗ್ರೀನ್‌ಲೆಂಡಿನ ನಾಯಿಗಳು ಬಂಡಿಯೆಳೆಯುವ ಕಿರುಚಿತ್ರವನ್ನು ತೆಗೆದನು. 1906ರಲ್ಲಿ ಓಲೆ ಓಲ್ಸೆನ್ ನಾರ್ಡಿಸ್ಕ್ ಕಂಪೆನಿಯನ್ನು ಸ್ಥಾಪಿಸಿದನು. 1941ರಲ್ಲಿ, ದೇಶವು ಜರ್ಮನರ ವಶದಲ್ಲಿದ್ದಾಗಲೇ, ಚಲಚ್ಚಿತ್ರ ಸಂಗ್ರಹಾಲಯವು ಹುಟ್ಟಿತು. 1997ರಲ್ಲಿ ಅದು ಡ್ಯಾನಿಷ್ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಲೀನವಾಯಿತು. 1951ರಲ್ಲಿ ಟೆಲಿವಿಷನ್ ಪ್ರಸಾರ ಮೊದಲಾದ ಮೇಲೆ ಇನ್ನೊಂದು ಭಂಡಾರವೂ ಬೆಳೆಯಿತು.

ಶೋಧಕನ ಕೆಲಸ ಮೂರು ಬಗೆಯದು. ಮೊದಲನೆಯದು, ಬೇಕಾದ ದೃಶ್ಯವನ್ನು ಪಟ್ಟಿಗಳಲ್ಲಿ, ಭಂಡಾರಗಳಲ್ಲಿ, ಮನೆಮನೆಯ ಪೆಟ್ಟಿಗೆಗಳಲ್ಲಿ ಅರಸುವುದು. ಎರಡನೆಯದು, ಅದರ ನಿಜವನ್ನು ಪರೀಕ್ಷಿಸುವುದು. ಶಾಸನತಜ್ಞನು ಲಿಪಿಯನ್ನು ನೋಡಿ ಕಾಲವನ್ನು ಹೇಳುವಂತೆ, ಇವನು ಅಂಗಡಿಯ ಫಲಕ, ಸೈನಿಕರ ಸಮವಸ್ತ್ರ, ಮೋಟಾರುಗಳು, ಫಿಲ್ಮಿನ ಅಂಚಿನಲ್ಲಿ ತಯಾರಕರು ಒತ್ತಿದ ಗುರುತು ಇವುಗಳಿಂದ ಕಾಲದೇಶಗಳನ್ನು ನಿರ್ಣಯಿಸುತ್ತಾನೆ. ಮೂರನೆಯದು, ಹಕ್ಕುದಾರರ ಒಪ್ಪಿಗೆ ಪಡೆದು, ಇರುವುದರಲ್ಲಿ ಉತ್ತಮವಾದ ಪ್ರತಿಯನ್ನು ದೊರಕಿಸುವುದು.

ಇವುಗಳಲ್ಲಿ ಎರಡನೆಯದೇ ಮುಖ್ಯವೆಂದು ನನ್ನ ಅಭಿಪ್ರಾಯ. ಯಾವುದೋ ಊರಿನ ದೃಶ್ಯಕ್ಕೆ ಬೇರೊಂದು ಊರಿನ ಹೆಸರಿಟ್ಟರೆ, ನೋಡುವವರು ಅದನ್ನೇ ಇತಿಹಾಸವೆಂದು ನಂಬುತ್ತಾರೆ. ಆಕ್ರಮಣದ ಕಾಲದಲ್ಲಿ ಡೆನ್ಮಾರ್ಕಿನ ಕೆಲವರು ಕದ್ದುಮುಚ್ಚಿ ತೆಗೆದ ದೃಶ್ಯಗಳನ್ನು ಥಿಯೋಡೋರ್ ಕ್ರಿಸ್ಟೆನ್ಸೆನ್ 1946ರ ತನ್ನ ಸಾಕ್ಷ್ಯಚಿತ್ರದಲ್ಲಿ ಬಳಸಿಕೊಂಡನು. ಪ್ರಾಣದ ಹಂಗು ತೊರೆದು ತೆಗೆದ ಅಂಥ ಚಿತ್ರಗಳಿಗೆ ತಪ್ಪು ಹೆಸರಿಡುವುದು ಆ ಸಾಹಸಿಗಳಿಗೆ ಮಾಡುವ ಅನ್ಯಾಯವಲ್ಲವೆ?

ಕಾಲವೂ ಶೋಧಕನ ಶತ್ರು. ಹಳೆಯ ನೈಟ್ರೇಟ್ ಫಿಲ್ಮು ಬೇಗನೆ ಹೊತ್ತಿ ಉರಿಯುತ್ತದೆ. ಉರಿಯದಿದ್ದರೂ ವರ್ಷಗಳು ಕಳೆದಂತೆ ಅಂಟಂಟಾಗಿ, ಕೊನೆಗೆ ಪುಡಿಯಾಗುತ್ತದೆ. ಆದುದರಿಂದ ಅದನ್ನು ತಂಪಾದ, ಒಣಗಿದ ಕೋಣೆಗಳಲ್ಲಿ ಇಡಬೇಕು. ಡೆನ್ಮಾರ್ಕಿನ ಕಾರ್ಲ್ ಡ್ರೈಯರ್ ಫ್ರಾನ್ಸಿನಲ್ಲಿ ತಯಾರಿಸಿದ ‘ಜೋನ್ ಆಫ್ ಆರ್ಕ್’ ಚಿತ್ರವು 1928ರಲ್ಲಿ ತೆರೆಕಂಡಿತು. ಅದೇ ವರ್ಷ ಅದರ ಮೂಲ ನೆಗೆಟಿವ್ ಬೆಂಕಿಗೆ ಆಹುತಿಯಾಯಿತು. ಐವತ್ತು ವರ್ಷಗಳಿಗೂ ಹೆಚ್ಚು ಕಾಲ ಜನರು ಕಂಡುದು ವಿಕಲವಾದ ಪ್ರತಿಗಳನ್ನು. ಆದರೆ 1981ರಲ್ಲಿ ನಾರ್ವೆಯ ಓಸ್ಲೋ ಬಳಿಯ ಒಂದು ಮಾನಸಿಕ ಆಸ್ಪತ್ರೆಯ ಕಪಾಟಿನಲ್ಲಿ ಮೊದಲ ರೂಪದ ಪ್ರತಿ ದೊರೆಯಿತು!

ನಮಗೆ ಈ ಭಾಗ್ಯ ಇನ್ನೂ ಒದಗಿಲ್ಲ. ಕನ್ನಡದ ಮೊದಲ ವಾಕ್ಚಿತ್ರವಾದ, 1934ರ ‘ಸತಿ ಸುಲೋಚನಾ’ದ ಪ್ರತಿ ಇಂದು ಲಭ್ಯವಿಲ್ಲ. ಪುಣೆಯಲ್ಲಿ ರಾಷ್ಟ್ರೀಯ ಚಲಚ್ಚಿತ್ರ ಸಂಗ್ರಹಾಲಯವು ಸ್ಥಾಪನೆಯಾದುದು ಮೂವತ್ತು ವರ್ಷಗಳ ತರುವಾಯ, 1964ರಲ್ಲಿ. ಓಲೆಗರಿಗಳನ್ನು ಹುಳುವಿನ ಬಾಯಿಂದ ಉಳಿಸಿದ ಹಿರಿಯರಿಂದ ನಮಗೆ ಕಾವ್ಯಗಳು ದಕ್ಕಿದವು. ಚಿತ್ರಸುರುಳಿಗಳಿಗೂ ಅಂಥ ಹಿರಿಯರು ಬೇಕು. ನಮ್ಮ ಸಹಪಾಠಿಗಳಲ್ಲಿ ಒಬ್ಬಿಬ್ಬರಾದರೂ ಈ ಕಡೆಗೆ ಮನಸ್ಸು ಮಾಡಿದರೆ, ನಾಡಿನ ನೆನಪು ಅಷ್ಟರಮಟ್ಟಿಗೆ ಉಳಿದೀತು.