ಖಾಲಿ ಬಾಟಲಿಗೆ 10 ರೂಪಾಯಿ: ಪಕ್ಕದ ನೀಲಗಿರಿಯ ಲೆಕ್ಕಾಚಾರ ನಮ್ಮ ಕಡೆಗೂ ಆಗುತ್ತಾ?

ಗುಂಡ್ಲುಪೇಟೆ: ಊಟಿಗೆ ಹೋಗಿ ಬಂದವರಲ್ಲಿ ಮದ್ಯ ಖರೀದಿಸಿದವರು ಒಂದು ವಿಷಯ ಗಮನಿಸಿರುತ್ತಾರೆ. ಅಲ್ಲಿನ ಟಾಸ್ಮಾಕ್ ಅಂಗಡಿಯಲ್ಲಿ ಬಾಟಲಿ ಮೇಲೆ ಬರೆದ ಬೆಲೆಗಿಂತ 10 ರೂಪಾಯಿ ಜಾಸ್ತಿ ತಗೋತಾರೆ. ಖಾಲಿ ಬಾಟಲಿ ವಾಪಸ್ ತಂದುಕೊಟ್ಟರೆ ಆ 10 ರೂಪಾಯಿ ಹಿಂದಕ್ಕೆ ಕೊಡ್ತಾರೆ. ಮೊದಲ ಸಲ ಹೋದವರು ಇದನ್ನು ವಸೂಲಿ ಅಂದುಕೊಂಡು ಜಗಳ ತೆಗೆಯುವುದೂ ಉಂಟು. ಅಸಲಿಗೆ ಅದು ವಸೂಲಿ ಅಲ್ಲ, ಠೇವಣಿ.

ನೀಲಗಿರಿ ಜಿಲ್ಲೆಯಲ್ಲಿ ಈ ಯೋಜನೆ ಶುರುವಾಗಿದ್ದು 2022ರ ಮೇ ತಿಂಗಳಲ್ಲಿ. ಕಾಡಂಚಿನಲ್ಲಿ, ಗುಡ್ಡದ ತಿರುವುಗಳಲ್ಲಿ ಕುಡಿದು ಎಸೆದ ಬಾಟಲಿಗಳು ಒಡೆದು ಆನೆಗಳ ಕಾಲಿಗೆ ಚುಚ್ಚುತ್ತಿವೆ ಎಂಬ ವಿಷಯ ಮದ್ರಾಸ್ ಹೈಕೋರ್ಟ್ ಮುಂದೆ ಬಂದಿತ್ತು. ನ್ಯಾಯಾಲಯ ಪಟ್ಟು ಹಿಡಿದ ಮೇಲೆ ಟಾಸ್ಮಾಕ್ ಈ ದಾರಿ ಹಿಡಿಯಿತು. ಆನೆಯ ಪಾದ ಹೊರಗಿನಿಂದ ಗಟ್ಟಿ ಕಂಡರೂ ಒಳಗೆ ಮೆತ್ತೆಯ ಹಾಗಿರುತ್ತದೆ. ಟನ್‌ಗಟ್ಟಲೆ ಭಾರ ಅದರ ಮೇಲೆ ಬೀಳುವಾಗ ಗಾಜಿನ ಚೂರು ಒಳಕ್ಕೇ ಇಳಿಯುತ್ತೆ. ಕಾಡಾನೆಯನ್ನು ಹಿಡಿದು ಕಾಲಿಗೆ ಮದ್ದು ಹಚ್ಚುವುದು ಎಷ್ಟು ಕಷ್ಟ ಅಂತ ನಮ್ಮ ಭಾಗದವರಿಗೆ ಬಿಡಿಸಿ ಹೇಳಬೇಕಿಲ್ಲ. ಗಾಯ ಕೀವಾಗಿ, ಆನೆ ನಡೆಯಲಾರದೆ ನಿಂತುಬಿಟ್ಟರೆ ಅದರ ಕಥೆ ಮುಗಿದ ಹಾಗೇ.

ಅಲ್ಲಿ ಶುರುವಾದ ಯೋಜನೆ ಆಮೇಲೆ ಪೆರಂಬಲೂರು, ಕೊಯಮತ್ತೂರು ಸೇರಿ ತಮಿಳುನಾಡಿನ ಬೇರೆ ಜಿಲ್ಲೆಗಳಿಗೂ ಹಬ್ಬಿತು. ಯೋಜನೆ ನೆಲೆಗೊಂಡ ಕಡೆ ಮಾರಾಟವಾದ ಬಾಟಲಿಗಳಲ್ಲಿ ಶೇ 90ಕ್ಕೂ ಹೆಚ್ಚು ವಾಪಸ್ ಬರುತ್ತಿವೆ ಎನ್ನುವುದು ಅಲ್ಲಿನ ಸರ್ಕಾರದ ಲೆಕ್ಕ. ಕೇರಳ ಕೂಡ 2025ರ ಸೆಪ್ಟೆಂಬರ್‌ನಲ್ಲಿ ತಿರುವನಂತಪುರ ಮತ್ತು ಕಣ್ಣೂರು ಜಿಲ್ಲೆಗಳ ಆಯ್ದ ಬೆವ್ಕೊ ಅಂಗಡಿಗಳಲ್ಲಿ 20 ರೂಪಾಯಿ ಠೇವಣಿ ಶುರು ಮಾಡಿತು. ಅಲ್ಲಿ ಗಾಜಿನ ಜೊತೆ ಪ್ಲಾಸ್ಟಿಕ್ ಬಾಟಲಿಗೂ ಇದು ಅನ್ವಯ.

ದಂಡ ಹಾಕಿದರೆ ಆಗದ್ದು ಹತ್ತು ರೂಪಾಯಿಯಿಂದ ಹೇಗೆ ಆಯಿತು? ದಂಡ ಹಾಕಬೇಕಾದರೆ ಎಸೆಯುವವನನ್ನು ಹಿಡಿಯಬೇಕು. ಬಂಡೀಪುರದ ರಸ್ತೆಯುದ್ದಕ್ಕೂ ಒಬ್ಬೊಬ್ಬ ಗಾರ್ಡ್ ನಿಲ್ಲಿಸೋಕೆ ಆಗಲ್ಲ. ಠೇವಣಿಯಲ್ಲಿ ಹಿಡಿಯುವ ಮಾತೇ ಇಲ್ಲ, ದುಡ್ಡು ಮೊದಲೇ ಕೈಸೇರಿರುತ್ತದೆ. ಬಾಟಲಿ ತರುವುದು, ಬಿಡುವುದು ಅವನಿಗೆ ಬಿಟ್ಟಿದ್ದು.

ಕಾರಲ್ಲಿ ಬರುವ ಸಾಹುಕಾರನಿಗೆ 10 ರೂಪಾಯಿ ಯಾವ ಲೆಕ್ಕ ಅಂತ ಕೇಳಬಹುದು. ಕೇಳಬೇಕಾದ ಪ್ರಶ್ನೆಯೇ. ಅವನು ಎಸೆದೇ ಎಸೆಯುತ್ತಾನೆ. ಆದರೆ ಅವನು ಎಸೆದದ್ದು ಈಗ ಕಸವಲ್ಲ, 10 ರೂಪಾಯಿ ನಾಣ್ಯ. ನಾಣ್ಯ ಬಿದ್ದಿದ್ದರೆ ಯಾರಾದರೂ ಎತ್ತಿಕೊಳ್ಳುತ್ತಾರೆ. ಕರ್ನಾಟಕದಲ್ಲಿ 2025–26ರ ನರೇಗಾ ಕೂಲಿ ದಿನಕ್ಕೆ 370 ರೂಪಾಯಿ. ಅಂದರೆ 37 ಬಾಟಲಿ ಆಯ್ದರೆ ಒಂದು ದಿನದ ನರೇಗಾ ಕೂಲಿ. ಗುಜರಿಯವನು ಖಾಲಿ ಬಾಟಲಿಗೆ ಕೊಡುವ ಪುಡಿಗಾಸಿಗೆ ಯಾರೂ ಬಗ್ಗಲ್ಲ, ಹತ್ತು ರೂಪಾಯಿಗೆ ಬಗ್ಗುತ್ತಾರೆ. ಮತ್ತೊಂದು ವಿಷಯ, ಒಡೆದ ಚೂರಿಗೆ ಯಾರೂ ದುಡ್ಡು ಕೊಡಲ್ಲ. ಹಾಗಾಗಿ ಬಾಟಲಿ ಒಡೆಯುವ ಮುಂಚೆಯೇ ಎತ್ತುವ ಆತುರ ತಾನಾಗಿ ಹುಟ್ಟುತ್ತದೆ. ಆನೆಗೆ ಬೇಕಾಗಿರುವುದೂ ಅಷ್ಟೇ.

ಇದೇನು ಹೊಸ ವಿದ್ಯೆಯಲ್ಲ. ಗೋಲಿ ಸೋಡಾ ಕಾಲದವರಿಗೆ ನೆನಪಿರುತ್ತೆ, ಬಾಟಲಿ ಮನೆಗೆ ಒಯ್ಯಬೇಕಾದರೆ ಅಂಗಡಿಯಲ್ಲಿ ದುಡ್ಡು ಇಟ್ಟು ಹೋಗಬೇಕಿತ್ತು. ಗ್ಯಾಸ್ ಸಿಲಿಂಡರ್‌ಗೆ ಇವತ್ತಿಗೂ ಡಿಪಾಸಿಟ್ ಇದೆ, ಖಾಲಿ ಸಿಲಿಂಡರನ್ನು ಯಾರೂ ಚರಂಡಿಗೆ ಎಸೆದಿಲ್ಲ! ಜರ್ಮನಿಯಲ್ಲಿ 2003ರಿಂದ ಒಮ್ಮೆ ಬಳಸಿ ಬಿಸಾಡುವ ಪಾನೀಯದ ಬಾಟಲಿ, ಕ್ಯಾನ್‌ಗಳಿಗೆ 25 ಸೆಂಟ್ ಠೇವಣಿ ಇದೆ, ಬಹುತೇಕ ಎಲ್ಲವೂ ವಾಪಸ್ ಬರುತ್ತವೆ.

ಹಾಗಾದರೆ ಕೆಕ್ಕನಹಳ್ಳ ಚೆಕ್‌ಪೋಸ್ಟ್‌ನ ಈಚೆಗೂ ಇದನ್ನು ತಂದುಬಿಟ್ಟರೆ ಆಯ್ತಲ್ಲ ಅನಿಸಬಹುದು. ಅಷ್ಟು ಸಲೀಸಲ್ಲ.

ತಮಿಳುನಾಡಿನಲ್ಲಿ 2003ರಿಂದ ಚಿಲ್ಲರೆ ಮಾರಾಟವೂ ಟಾಸ್ಮಾಕ್ ಎಂಬ ಸರ್ಕಾರಿ ನಿಗಮದ ಕೈಯಲ್ಲೇ ಇದೆ. ಮಾರುವವರೂ ಅವರೇ, ವಾಪಸ್ ತಗೊಳ್ಳುವವರೂ ಅವರೇ. ನಮ್ಮಲ್ಲಿ ಸಗಟು ಮಾತ್ರ ಕರ್ನಾಟಕ ರಾಜ್ಯ ಪಾನೀಯ ನಿಗಮದ್ದು. ಎಂಎಸ್‌ಐಎಲ್ ಮಳಿಗೆ ಬಿಟ್ಟರೆ ವೈನ್ ಶಾಪ್, ಬಾರ್ ಎಲ್ಲವೂ ಖಾಸಗಿಯವರದ್ದು. ಎಂಆರ್‌ಪಿ ದರಕ್ಕೆ ಮದ್ಯ ಕೊಡಿ ಅಂತ ಜನ ಆಗಾಗ ಗಲಾಟೆ ಮಾಡಬೇಕಾದ ಕಡೆ, ಠೇವಣಿ ವಾಪಸ್ ಕೊಡುತ್ತಾರೆ ಅನ್ನುವ ನಂಬಿಕೆ ಎಲ್ಲಿಂದ ಬರಬೇಕು? ಅದಕ್ಕೆ ಅಂಗಡಿ ಬೇರೆ, ಬಾಟಲಿ ಪಡೆಯುವ ಕೇಂದ್ರ ಬೇರೆ ಇರುವುದೇ ಒಳ್ಳೆಯದು. ಪಂಚಾಯಿತಿಯ ಕಸ ವಿಲೇವಾರಿ ಘಟಕಕ್ಕೋ ಸ್ವಸಹಾಯ ಸಂಘಕ್ಕೋ ಆ ಕೆಲಸ ವಹಿಸಬಹುದು.

ಎರಡನೆಯ ತೊಡಕು ಗುರುತಿನದ್ದು. ನೀಲಗಿರಿಯಲ್ಲಿ ಬಾಟಲಿ ಮೇಲೆ ಪ್ರತ್ಯೇಕ ಗುರುತಿನ ಚೀಟಿ ಅಂಟಿಸಬೇಕಾಯಿತು. ಇಲ್ಲದಿದ್ದರೆ ಠೇವಣಿ ಕಟ್ಟದ ಕಡೆಯಿಂದ ಮೂಟೆಗಟ್ಟಲೆ ಬಾಟಲಿ ತಂದು ದುಡ್ಡು ಕೇಳುವವರು ಹುಟ್ಟಿಕೊಳ್ಳುತ್ತಾರೆ. ಇದರ ಇನ್ನೊಂದು ಮುಖವೂ ಇದೆ. ಠೇವಣಿ ಇಲ್ಲದ ಊರಲ್ಲಿ ಖರೀದಿಸಿದ ಬಾಟಲಿ ಕಾಡಲ್ಲಿ ಬಿದ್ದರೆ ಅದನ್ನು ಎತ್ತಲು ಯಾರಿಗೂ ಆಸೆಯಿಲ್ಲ. ಮೈಸೂರಿನಿಂದ ಡಿಕ್ಕಿಯಲ್ಲಿ ಬರುವ ಬಾಟಲಿಗೆ ಗುಂಡ್ಲುಪೇಟೆಯ ಯೋಜನೆ ಏನೂ ಮಾಡಲಾರದು. ಒಂದು ತಾಲ್ಲೂಕಿಗೆ ಮಾತ್ರ ಮಾಡಿದರೆ ಅರ್ಧ ಫಲ.

ಮೂರನೆಯದನ್ನು ರೈತರನ್ನು ಕೇಳಬೇಕು. ನಮ್ಮ ಕಡೆ ಅಗ್ಗದ ಮದ್ಯ ಬಹಳಷ್ಟು ಬರುವುದು ಗಾಜಿನಲ್ಲಲ್ಲ, ಟೆಟ್ರಾ ಪ್ಯಾಕ್‌ನಲ್ಲಿ. ಜಮೀನಿನ ಬದು, ಕೆರೆ ಏರಿ, ಶಾಲೆ ಕಾಂಪೌಂಡ್, ಎಲ್ಲೆಲ್ಲೂ ಅದೇ 90 ಎಂಎಲ್ ಪ್ಯಾಕೆಟ್. ಅದು ಕಾಲಿಗೆ ಚುಚ್ಚಲ್ಲ ನಿಜ, ಕೊಳೆಯೋದೂ ಇಲ್ಲ. ಅಷ್ಟು ಕಡಿಮೆ ಬೆಲೆಯ ಪ್ಯಾಕೆಟ್ ಮೇಲೆ 10 ರೂಪಾಯಿ ಹೇರಿದರೆ ಕೂಲಿ ಮಾಡಿ ಕುಡಿಯುವವನ ಜೇಬಿಗೇ ಪೆಟ್ಟು. ಗಾಜಿಗೆ ಮಾತ್ರ ಠೇವಣಿ ಹಾಕಿದರೆ ಕಂಪನಿಗಳು ಇನ್ನಷ್ಟು ಪ್ಯಾಕೆಟ್‌ಗೇ ವಾಲಬಹುದು. ಪ್ಯಾಕೆಟ್‌ಗೆ ಒಂದೆರಡು ರೂಪಾಯಿ ಇಟ್ಟರೆ ಯಾರಾದರೂ ಆಯುತ್ತಾರಾ ಎಂಬುದನ್ನು ಪ್ರಯೋಗ ಮಾಡಿಯೇ ನೋಡಬೇಕು.

ಕಾಡಿನ ರಸ್ತೆಯದ್ದು ಬೇರೆಯೇ ಸಮಸ್ಯೆ. ಹೆದ್ದಾರಿ ಪಕ್ಕದಲ್ಲಿ ಬಾಟಲಿಗೆ ಬೆಲೆ ಬಂತು ಅಂತ ಬಡವರು ಚೀಲ ಹಿಡಿದು ಹುಲಿ ಸಂರಕ್ಷಿತ ಪ್ರದೇಶದೊಳಗೆ ಇಳಿದರೆ ಇನ್ನೊಂದು ಅನಾಹುತ. ಅಲ್ಲಿ ಆಯುವ ಹಕ್ಕನ್ನು ಕಾಡಂಚಿನ ಗ್ರಾಮಗಳ ಪರಿಸರ ಅಭಿವೃದ್ಧಿ ಸಮಿತಿಗೆ ಕೊಟ್ಟು, ಅರಣ್ಯ ಸಿಬ್ಬಂದಿ ಜೊತೆಯಲ್ಲೇ ಕಳಿಸುವುದು ಸುರಕ್ಷಿತ. ಬಂದ ದುಡ್ಡು ಸಮಿತಿಗೇ ಸೇರಲಿ.

ಯಾರೂ ವಾಪಸ್ ಕೇಳದ ದುಡ್ಡಿನ ಲೆಕ್ಕವೂ ಇದೆ. ಒಂದು ಲಕ್ಷ ಬಾಟಲಿ ಮಾರಿ ಶೇ 90 ವಾಪಸ್ ಬಂದರೆ 10 ಸಾವಿರ ಬಾಟಲಿಯ ಠೇವಣಿ, ಅಂದರೆ 1 ಲಕ್ಷ ರೂಪಾಯಿ ಉಳಿಯುತ್ತದೆ. ಅದು ಅಂಗಡಿಯವನ ಗಲ್ಲಾಪೆಟ್ಟಿಗೆಗೆ ಹೋದರೆ ಬಾಟಲಿ ವಾಪಸ್ ಬರದಿರುವುದೇ ಅವನಿಗೆ ಲಾಭ. ಹಾಗಾಗಿ ಆ ದುಡ್ಡು ಪ್ರತ್ಯೇಕ ಖಾತೆಯಲ್ಲಿದ್ದು, ಬಾಟಲಿ ಪಡೆಯುವ ಕೇಂದ್ರದ ಸಂಬಳ, ಗೋದಾಮಿನ ಬಾಡಿಗೆಗೆ ಹೋಗಬೇಕು. ತಮಿಳುನಾಡಿನಲ್ಲಿ ಟಾಸ್ಮಾಕ್ ನೌಕರರು ಜಾಗವಿಲ್ಲ, ಜನ ಸಾಲಲ್ಲ, ಎಂಜಲು ಬಾಟಲಿ ಎಣಿಸುವ ಕೆಲಸವೂ ನಮ್ಮ ತಲೆಗೇ ಕಟ್ಟಿದ್ದಾರೆ ಅಂತ ಪ್ರತಿಭಟನೆಗೆ ಇಳಿದಿದ್ದರು. ಅವರ ದೂರಿನಲ್ಲಿ ಹುರುಳಿದೆ.

ಇಷ್ಟೆಲ್ಲ ತೊಡಕಿನ ನಡುವೆ ನಮಗಿರುವ ಒಂದು ಅನುಕೂಲವನ್ನೂ ಹೇಳಬೇಕು. ರಾಜ್ಯದಲ್ಲಿ ಕಾನೂನುಬದ್ಧವಾಗಿ ಮಾರಾಟವಾಗುವ ಬಾಟಲಿಯ ಮೇಲೆ ಅಬಕಾರಿ ಇಲಾಖೆಯ ಚೀಟಿ ಈಗಾಗಲೇ ಇರುತ್ತದೆ, ಸರಕು ಪಾನೀಯ ನಿಗಮದ ಡಿಪೋ ದಾಟಿಯೇ ಅಂಗಡಿಗೆ ಬರುತ್ತದೆ. ಠೇವಣಿಯನ್ನು ಡಿಪೋದಲ್ಲೇ ಸೇರಿಸಿ, ಅದೇ ಚೀಟಿಯನ್ನೇ ಗುರುತಾಗಿ ಬಳಸಿದರೆ ಅರ್ಧ ಕೆಲಸ ಮುಗಿದಂತೆ. ಉಳಿದರ್ಧ ಖಾಲಿ ಬಾಟಲಿ ಇಡಲು ಜಾಗ, ಎಣಿಸಲು ಜನ. ಅದನ್ನು ಅಬಕಾರಿ, ಅರಣ್ಯ ಇಲಾಖೆ ಮತ್ತು ಪಂಚಾಯಿತಿಗಳು ಒಟ್ಟಿಗೆ ಕೂತು ಇತ್ಯರ್ಥ ಮಾಡಬೇಕು.